ಉಪ್ಪಿಗೆ ಮೂರು, ಪಟಿಕಕ್ಕೆ ನಾಲ್ಕು: ಗ್ರೂಪ್ ಥಿಯರಿ ಪುಸ್ತಕಗಳ ನಮ್ಮ ಕಡೆಯ ಕಥೆ

ಕನಕಪುರ ಕಡೆಯಿಂದ ಬೆಂಗಳೂರಿಗೆ ಬರುವವರೆಲ್ಲ ಸಾರಕ್ಕಿಯನ್ನು ಒಮ್ಮೆಯಾದರೂ ದಾಟಿರುತ್ತಾರೆ. ಬನಶಂಕರಿ ಬರುವ ಮೊದಲು ಬಸ್ಸು ಸಿಗ್ನಲ್‌ನಲ್ಲಿ ನಿಂತು ನಿಂತು ಸಾಕಾಗುತ್ತದಲ್ಲ, ಅದೇ ಜಾಗ. ಒಂದು ಕಾಲದಲ್ಲಿ ಕೆರೆ, ಹೊಲ, ತೋಟ ಇದ್ದ ಹಳ್ಳಿ. ಈಗ ಜೆ.ಪಿ. ನಗರದ ಹೊಟ್ಟೆಯೊಳಗೆ ಸೇರಿಹೋಗಿದೆ. ಕೆರೆ ಮಾತ್ರ ಇನ್ನೂ ಉಳಿದುಕೊಂಡಿದೆ. 2015ರಲ್ಲಿ ಅದರ ಒತ್ತುವರಿ ತೆರವು ಮಾಡಿದ್ದು ದೊಡ್ಡ ಸುದ್ದಿಯಾಗಿತ್ತು. ನಮ್ಮ ತಂಡದ ಮೂವರು ಇರುವುದು ಈ ಸಾರಕ್ಕಿಯ ಹಳೇ ಊರಿನ ಒಂದು ಬಾಡಿಗೆ ಮನೆಯಲ್ಲಿ.

ಕೆಳಗಿನ ಮನೆಯ ಹುಡುಗಿ ಬಿಎಸ್ಸಿ ಓದುತ್ತಿದ್ದಾಳೆ. ಹತ್ತನೇ ಕ್ಲಾಸಿನವರೆಗೆ ಕನಕಪುರ ತಾಲ್ಲೂಕಿನಲ್ಲಿ ಕನ್ನಡ ಮಾಧ್ಯಮದಲ್ಲಿ ಓದಿದವಳು. ಈ ಸಲ ಗಣಿತದಲ್ಲಿ ‘ಗ್ರೂಪ್ ಥಿಯರಿ’ ಬಂದಿದೆ. “ಅಕ್ಕಾ, ಇದು ಯಾವುದಕ್ಕೆ ಬರುತ್ತೆ?” ಅಂತ ನಮ್ಮನ್ನು ಕೇಳಿದಳು. ಕ್ಲಾಸಿನಲ್ಲಿ ಕೇಳಿದ್ದಕ್ಕೆ “ಪರೀಕ್ಷೆಗೆ ಬರುತ್ತೆ” ಅಂದರಂತೆ. ಉತ್ತರವೇನೋ ಸುಳ್ಳಲ್ಲ. ಆದರೆ ಮುಂದೆ ಗಣಿತ ಇಟ್ಟುಕೊಳ್ಳುವುದೋ ಬಿಡುವುದೋ ಎಂದು ಅವಳು ತೀರ್ಮಾನ ಮಾಡಬೇಕಿರುವುದು ಇಂಥ ಒಂದು ಉತ್ತರವನ್ನು ಕೈಯಲ್ಲಿಟ್ಟುಕೊಂಡು. ಇದು ಅವಳೊಬ್ಬಳ ಕಷ್ಟವಲ್ಲ. ಹಳ್ಳಿಯಿಂದ ಬಂದು ಇಂಗ್ಲಿಷಿನಲ್ಲಿ ವಿಜ್ಞಾನ ಓದುವ ಸಾವಿರಾರು ಮಕ್ಕಳು ಇದೇ ಕವಲಿನಲ್ಲಿ ನಿಂತು, ಎಷ್ಟೋ ಜನ ಬೇರೆ ದಾರಿ ಹಿಡಿಯುತ್ತಾರೆ.

ನಾವು ಪತ್ರಿಕೋದ್ಯಮ ಓದಿದವರು, ಗಣಿತದವರಲ್ಲ. ಆದರೂ ಹುಡುಕುತ್ತಾ ಹೋದೆವು. ಸಿಕ್ಕಿದ ಕಥೆಯ ದೊಡ್ಡ ಭಾಗ ಬೇರೆಲ್ಲೂ ಅಲ್ಲ, ಬೆಂಗಳೂರಿನಲ್ಲೇ, ಪಕ್ಕದ ಆಂಧ್ರದಲ್ಲಿ ಮತ್ತು ಮೈಸೂರಿನಲ್ಲಿ ನಡೆದಿದೆ.

ಮೊದಲು ಗ್ರೂಪ್ ಅಂದರೇನು ಅಂತ ನೋಡಿಬಿಡೋಣ. ಮನೆ ಮುಂದಿನ ಚೌಕಾಕಾರದ ರಂಗೋಲಿಯನ್ನು ನೆನೆಸಿಕೊಳ್ಳಿ. ನಾಲ್ಕು ದಿಕ್ಕಿಗೂ ಒಂದೇ ಥರದ ಎಳೆ. ಅದನ್ನು ಒಂದು ತಟ್ಟೆಯ ಮೇಲೆ ಹಾಕಿದ್ದೀರಿ ಅಂದುಕೊಳ್ಳಿ. ನೀವು ಕಣ್ಣು ಮುಚ್ಚಿಕೊಂಡಿರುವಾಗ ಯಾರೋ ತಟ್ಟೆಯನ್ನು ಕಾಲು ಸುತ್ತು ತಿರುಗಿಸಿದರೆ, ಕಣ್ಣು ಬಿಟ್ಟ ಮೇಲೆ ನಿಮಗೆ ಗೊತ್ತೇ ಆಗುವುದಿಲ್ಲ. ಅರ್ಧ ಸುತ್ತು, ಮುಕ್ಕಾಲು ಸುತ್ತು ತಿರುಗಿಸಿದರೂ ಅಷ್ಟೇ. ಏನೂ ಮಾಡದೆ ಬಿಟ್ಟರಂತೂ ಸರಿಯೇ. ಅಲ್ಲಿಗೆ 4 ಆಯಿತು. ಇನ್ನು ರಂಗೋಲಿಯ ನಡುವೆ ಕನ್ನಡಿ ನಿಲ್ಲಿಸಿದರೆ ಅರ್ಧ ಭಾಗವೂ ಅದರ ಬಿಂಬವೂ ಸೇರಿ ಮತ್ತೆ ಅದೇ ರಂಗೋಲಿ. ಉದ್ದಕ್ಕೆ, ಅಡ್ಡಕ್ಕೆ, ಎರಡು ಮೂಲೆಯಿಂದ ಮೂಲೆಗೆ, ಹೀಗೆ ಕನ್ನಡಿ ನಿಲ್ಲಿಸುವ ಜಾಗ 4. ಒಟ್ಟು 8. ಚೌಕಕ್ಕೆ ಇರುವುದು ಈ 8 ಮಾತ್ರ, ಎಷ್ಟು ಹುಡುಕಿದರೂ ಒಂಬತ್ತನೆಯದು ಸಿಗದು. ಈ 8ರಲ್ಲಿ ಯಾವ ಎರಡನ್ನು ಒಂದಾದ ಮೇಲೊಂದು ಮಾಡಿದರೂ ಫಲ ಈ 8ರಲ್ಲೇ ಒಂದು. ಪ್ರತಿಯೊಂದನ್ನೂ ಹಿಂದಕ್ಕೆ ತಿರುಗಿಸಿ ಮೊದಲಿನಂತೆ ಮಾಡಲೂಬಹುದು. ಹೀಗೆ ತಮ್ಮೊಳಗೇ ಲೆಕ್ಕ ಮುಗಿಯುವ ಕೂಟಕ್ಕೆ ಗಣಿತದಲ್ಲಿ ಗ್ರೂಪ್ ಎಂದು ಹೆಸರು.

ಅದೇ ರಂಗೋಲಿಯ ನಾಲ್ಕು ತುದಿಗೆ ಒಂದೇ ಕಡೆಗೆ ಸುತ್ತುವ ಸುರುಳಿ ಬಿಡಿಸಿ ನೋಡಿ. ತಿರುಗಿಸಿದರೆ ಹಾಗೇ ಕಾಣುತ್ತದೆ. ಕನ್ನಡಿ ಹಿಡಿದರೆ ಸುರುಳಿ ಉಲ್ಟಾ ಸುತ್ತುತ್ತದೆ. ಅಂದರೆ 8ರಲ್ಲಿ 4 ಹೋಗಿ 4 ಉಳಿಯಿತು. ಇದನ್ನು ನೆನಪಿಟ್ಟುಕೊಳ್ಳಿ, ಪಟಿಕದ ಹತ್ತಿರ ಮತ್ತೆ ಬೇಕಾಗುತ್ತದೆ.

ಇನ್ನೊಂದು ಆಟ ಇದೆ. ಇದನ್ನು ಓದುತ್ತಿರುವ ಫೋನನ್ನೇ ಮೇಜಿನ ಮೇಲೆ ಪರದೆ ಮೇಲಾಗಿ, ತಲೆ ನಿಮ್ಮಿಂದ ಆಚೆಗೆ ಇರುವಂತೆ ಇಡಿ. ಮೊದಲು ಗಡಿಯಾರದ ಮುಳ್ಳಿನಂತೆ ಕಾಲು ಸುತ್ತು ತಿರುಗಿಸಿ. ಆಮೇಲೆ ಪುಸ್ತಕದ ಹಾಳೆ ಮಗುಚುವ ಹಾಗೆ ಬಲದಿಂದ ಎಡಕ್ಕೆ ಬೋರಲು ಹಾಕಿ. ಫೋನಿನ ತಲೆ ಎಡಕ್ಕೆ ಬಂತು. ಈಗ ಮೊದಲಿನಂತೆ ಇಟ್ಟು, ಮೊದಲು ಮಗುಚಿ, ಆಮೇಲೆ ಕಾಲು ಸುತ್ತು ತಿರುಗಿಸಿ. ತಲೆ ಬಲಕ್ಕೆ! ಮಾಡಿದ ಕೆಲಸ ಎರಡೇ, ಹಿಂದುಮುಂದಾದರೆ ಫಲ ಬೇರೆ. ಎರಡು ಮೂರಲಿ ಆರಾದರೂ ಮೂರು ಎರಡಲಿ ಆರಾದರೂ ಒಂದೇ ಎಂದು ಮಗ್ಗಿಯಲ್ಲಿ ಕಲಿತವರಿಗೆ ಇದು ಸ್ವಲ್ಪ ಕಸಿವಿಸಿಯೇ. ಗ್ರೂಪ್ ಥಿಯರಿಯ ರುಚಿ ಇರುವುದೂ ಈ ಕಸಿವಿಸಿಯಲ್ಲೇ.

ಈ ಗಣಿತಕ್ಕೆ ಬೀಜ ಹಾಕಿದವನು ಫ್ರಾನ್ಸಿನ ಎವಾರಿಸ್ಟ್ ಗ್ಯಾಲ್ವಾ. 1811ರಲ್ಲಿ ಹುಟ್ಟಿ, 1832ರಲ್ಲಿ ಪಿಸ್ತೂಲಿನ ದ್ವಂದ್ವ ಕಾಳಗದಲ್ಲಿ ಗುಂಡು ತಗುಲಿ ಸತ್ತ. ಆಗ ಅವನಿಗೆ 20 ವರ್ಷ. ಬರೆದಿಟ್ಟ ಕಾಗದಗಳು ಅಚ್ಚಾದದ್ದು 1846ರಲ್ಲಿ. ಮುಂದೆ ಹರಳುಗಳ ಒಳಗೆ ಕಣಗಳು ಸಾಲಾಗಿ ಕೂರುವ ರೀತಿಗಳು ಎಷ್ಟು ಎಂದು ಎಣಿಸಲು ಇದೇ ಲೆಕ್ಕ ಬಳಸಿದರು. 1891ರ ಹೊತ್ತಿಗೆ ಉತ್ತರ ಸಿಕ್ಕಿತ್ತು: 230. ಜಗತ್ತಿನ ಯಾವ ಮೂಲೆಯ ಯಾವ ಮಾಮೂಲಿ ಹರಳನ್ನು ತಂದರೂ ಈ 230ರಲ್ಲಿ ಒಂದಕ್ಕೆ ಸೇರಲೇಬೇಕು. ನಿಮ್ಮೂರಿನ ಕಲ್ಲುಕ್ವಾರಿಯ ಬಿಳಿ ಬೆಣಚುಕಲ್ಲಿಗೂ ಈ ಪಟ್ಟಿಯಲ್ಲಿ ಜಾಗ ಇದೆ.

ಭೌತಶಾಸ್ತ್ರಕ್ಕೆ ಈ ಗಣಿತ ಬಂದಿದ್ದು ಜರ್ಮನಿಯಲ್ಲಿ, ಎರಡು ಪುಸ್ತಕಗಳ ಮೂಲಕ. 1928ರಲ್ಲಿ ಹರ್ಮನ್ ವೈಲ್ ಬರೆದದ್ದು ಒಂದು, 1931ರಲ್ಲಿ ಯುಜೀನ್ ವಿಗ್ನರ್ ಬರೆದದ್ದು ಇನ್ನೊಂದು. ಆ ಕಾಲದ ಹಲವು ಭೌತವಿಜ್ಞಾನಿಗಳಿಗೆ ಇದು ಹಿಡಿಸಲಿಲ್ಲ. ‘ಗ್ರೂಪ್ ಪಿಡುಗು’ ಎಂಬರ್ಥದ ಒಂದು ಜರ್ಮನ್ ಪದವನ್ನೇ ಹುಟ್ಟಿಸಿ ಬೈದರು. (1898ರಲ್ಲಿ ಪ್ಲೇಗು ಕಂಡು, ಪ್ಲೇಗಮ್ಮನಿಗೆ ಗುಡಿ ಕಟ್ಟಿದ ಊರು ನಮ್ಮ ಬೆಂಗಳೂರು. ಪಿಡುಗಿನ ಜೊತೆ ಬದುಕುವುದು ಇಲ್ಲಿಯವರಿಗೆ ಹೊಸದಲ್ಲ.) ವೈಲ್ ಪುಸ್ತಕ 1931ರಲ್ಲೇ ಇಂಗ್ಲಿಷಿಗೆ ಬಂತು, ಆದರೆ ಅದು ಕಬ್ಬಿಣದ ಕಡಲೆ. ವಿಗ್ನರ್ ಪುಸ್ತಕ ಇಂಗ್ಲಿಷಿಗೆ ಬಂದಿದ್ದು 1959ರಲ್ಲಿ. ನಡುವೆ 28 ವರ್ಷ. ಜರ್ಮನ್ ಬಾರದವರು ಅಷ್ಟು ವರ್ಷ ಏನು ಮಾಡಬೇಕಿತ್ತು?

ನಮ್ಮ ಕಥೆ ಶುರುವಾಗುವುದು ಈ 28 ವರ್ಷಗಳೊಳಗೆ.

1928ರ ಫೆಬ್ರವರಿ 28ರಂದು ಕಲ್ಕತ್ತದಲ್ಲಿ ಸಿ.ವಿ. ರಾಮನ್ ತಮ್ಮ ಹೆಸರಿನ ಪರಿಣಾಮವನ್ನು ಕಂಡುಹಿಡಿದರು. ಒಂದೇ ಬಣ್ಣದ ಬೆಳಕನ್ನು ಯಾವುದಾದರೂ ವಸ್ತುವಿನ ಮೇಲೆ ಬಿಟ್ಟರೆ, ಚದುರಿ ಬರುವ ಬೆಳಕಿನಲ್ಲಿ ಒಂದು ಚೂರು ಬೇರೆ ಬಣ್ಣಕ್ಕೆ ತಿರುಗಿರುತ್ತದೆ. ಎಷ್ಟು ತಿರುಗಿದೆ ಎಂಬುದು ಆ ವಸ್ತುವಿನ ಅಣುಗಳು ಹೇಗೆ ಕಂಪಿಸುತ್ತಿವೆ ಎಂಬುದರ ಮೇಲೆ ನಿಂತಿದೆ. ಬಿಂದಿಗೆಗೆ ಬಡಿದರೆ ಒಂದು ಸದ್ದು, ತಟ್ಟೆಗೆ ಬಡಿದರೆ ಇನ್ನೊಂದು ಸದ್ದು ಬರುತ್ತದಲ್ಲ, ಹಾಗೆ. ಫೋಟೊ ತೆಗೆದರೆ ಗೆರೆಗಳಾಗಿ ಕಾಣುತ್ತವೆ. ಕೆಲವೇ ವರ್ಷಗಳಲ್ಲಿ ನೂರಾರು ವಸ್ತುಗಳ ಗೆರೆಗಳ ರಾಶಿ ಬಿತ್ತು. ಕಷ್ಟ ಬಂದಿದ್ದು ಈಗ. ಈ ವಸ್ತುವಿಗೆ ಇಷ್ಟೇ ಗೆರೆ ಯಾಕೆ? ಇನ್ನೂ ಇದ್ದು ನಮಗೆ ಕಾಣಲಿಲ್ಲವೋ, ಇರುವುದೇ ಇಷ್ಟೋ?

ಇದಕ್ಕೆ ಉತ್ತರ ಹೇಳುವುದು ಗ್ರೂಪ್ ಥಿಯರಿ. ಮೀಥೇನ್ ತೆಗೆದುಕೊಳ್ಳಿ, ನಮ್ಮ ಗೊಬ್ಬರ್ ಗ್ಯಾಸಿನಲ್ಲಿ ಉರಿಯುವ ಅನಿಲ. ನಡುವೆ ಒಂದು ಇಂಗಾಲ, ಸುತ್ತ ನಾಲ್ಕು ಜಲಜನಕ. ಇದು ಕಂಪಿಸಬಲ್ಲ ರೀತಿಗಳು 9. ಆದರೆ ಆಕಾರ ಅಷ್ಟು ಸಮವಾಗಿರುವುದರಿಂದ ಕೆಲವು ಕಂಪನಗಳು ಒಂದರ ಪ್ರತಿಯಂತೆ ಇನ್ನೊಂದು. ಹಾಗಾಗಿ ಬೇರೆ ಬೇರೆ ವೇಗದ ಕಂಪನ 4 ಮಾತ್ರ, ನಾಲ್ಕೂ ರಾಮನ್ ಪರಿಣಾಮದಲ್ಲಿ ಕಾಣುವಂಥವು. ಬೆಂಜೀನ್ ಇನ್ನೂ ಸೊಗಸು. ಕಂಪಿಸುವ ರೀತಿ 30, ಬೇರೆ ಬೇರೆ ವೇಗ 20, ರಾಮನ್ ಗೆರೆಯಾಗಿ ಕಾಣುವುದಕ್ಕೆ ಅನುಮತಿ ಇರುವುದು 7ಕ್ಕೆ. ಬೆಂಜೀನ್ ಸರಿಯಾದ ಆರು ಮೂಲೆಯ ಉಂಗುರವಾಗಿದ್ದರೆ ಮಾತ್ರ ಈ ಲೆಕ್ಕ. ಆಕಾರ ಸ್ವಲ್ಪ ಸೊಟ್ಟಗಿದ್ದರೂ ಲೆಕ್ಕ ಬದಲಾಗುತ್ತದೆ. ಅಂದರೆ ಗೆರೆ ಎಣಿಸಿ, ಯಾರೂ ಕಣ್ಣಲ್ಲಿ ಕಾಣದ ಅಣುವಿನ ಆಕಾರ ಹೇಳಬಹುದು. ದೊಡ್ಡ ಸಮೀಕರಣ ಬಿಡಿಸಬೇಕಿಲ್ಲ, ರಂಗೋಲಿಯ 8 ಎಣಿಸಿದಂಥದೇ ಎಣಿಕೆ.

ರಾಮನ್ ಅವರ ಹತ್ತಿರ 1928ರಲ್ಲೇ ಸೇರಿಕೊಂಡ ಹುಡುಗರಲ್ಲಿ ಸೂರಿ ಭಗವಂತಂ ಒಬ್ಬರು. 1909ರಲ್ಲಿ ಕೃಷ್ಣಾ ಜಿಲ್ಲೆಯ ಗುಡಿವಾಡದಲ್ಲಿ ಹುಟ್ಟಿದವರು. 1932ರಲ್ಲಿ ವಿಶಾಖಪಟ್ಟಣದ ವಾಲ್ಟೇರಿನಲ್ಲಿದ್ದ ಆಂಧ್ರ ವಿಶ್ವವಿದ್ಯಾಲಯಕ್ಕೆ ಪಾಠ ಹೇಳಲು ಹೋದರು. ಮರುವರ್ಷ ರಾಮನ್ ಕಲ್ಕತ್ತ ಬಿಟ್ಟು ನಮ್ಮ ಟಾಟಾ ಇನ್‌ಸ್ಟಿಟ್ಯೂಟಿಗೆ, ಅಂದರೆ ಭಾರತೀಯ ವಿಜ್ಞಾನ ಸಂಸ್ಥೆಗೆ ನಿರ್ದೇಶಕರಾಗಿ ಬಂದರು. 1934ರಲ್ಲಿ ಬೆಂಗಳೂರಿನಲ್ಲಿ ವಿಜ್ಞಾನ ಅಕಾಡೆಮಿ ಕಟ್ಟಿ, ಅದರಿಂದ ಒಂದು ಪತ್ರಿಕೆ ಹೊರಡಿಸಿದರು. ನಮ್ಮ ದೇಶದ ಹುಡುಗರು ಬರೆದದ್ದಕ್ಕೆ ಲಂಡನ್ನಿನ ಅಪ್ಪಣೆಗಾಗಿ ತಿಂಗಳುಗಟ್ಟಲೆ ಕಾಯುವುದು ಬೇಡ ಎಂಬುದು ಅವರ ಹಟ. ಈ ಹಟ ಇಲ್ಲದಿದ್ದರೆ ಮುಂದಿನ ಕಥೆ ಹೀಗೆ ನಡೆಯುತ್ತಿರಲಿಲ್ಲ ಎಂದು ನಮಗೆ ಅನಿಸುತ್ತದೆ.

1939ರಲ್ಲಿ ಬೆಂಗಳೂರಿನ ಆ ಪತ್ರಿಕೆಯಲ್ಲಿ ಭಗವಂತಂ ಮತ್ತು ಟಿ. ವೆಂಕಟರಾಯುಡು ಸೇರಿ ಬರೆದ ಲೇಖನ ಬಂತು. ಅದು ಹರಳುಗಳ ರಾಮನ್ ಗೆರೆಗಳ ಬಗ್ಗೆ. ಒಂದು ಅಣುವಿನಲ್ಲಿ ನಾಲ್ಕೈದು ಕಣಗಳನ್ನು ಎಣಿಸಬಹುದು. ಹರಳಿನಲ್ಲಿ ಕೋಟಿ ಕೋಟಿ ಕಣ, ಎಣಿಸುವುದು ಎಲ್ಲಿಂದ? ಅವರು ಹೇಳಿದ ಉಪಾಯವನ್ನು ನಾವು ಇಳಕಲ್ ಸೀರೆ ಇಟ್ಟುಕೊಂಡು ಅರ್ಥ ಮಾಡಿಕೊಂಡೆವು. ಸೀರೆಯ ಮೈಮೇಲೆ ಒಂದೇ ಚಿತ್ತಾರ ಮತ್ತೆ ಮತ್ತೆ ಬರುತ್ತದೆ. ಸೀರೆಯನ್ನೆಲ್ಲ ಬಿಚ್ಚಿ ನೋಡುವುದು ಬೇಡ. ಮತ್ತೆ ಮತ್ತೆ ಬರುವ ಒಂದು ತುಂಡನ್ನು ಮಾತ್ರ ಹಿಡಿದುಕೊಂಡು, ಒಂದು ಚಿತ್ತಾರದಿಂದ ಮುಂದಿನ ಚಿತ್ತಾರಕ್ಕೆ ಜರುಗುವುದನ್ನು ‘ಏನೂ ಮಾಡದೆ ಇದ್ದ ಹಾಗೆ’ ಅಂತ ಲೆಕ್ಕಕ್ಕೆ ಹಿಡಿದರೆ ಸಾಕು. ಕೊನೆಯಿಲ್ಲದ ಗ್ರೂಪು ಪುಟ್ಟ ಗ್ರೂಪಾಗಿ ಮಡಚಿಕೊಳ್ಳುತ್ತದೆ. ಇದಕ್ಕೆ ಗಣಿತದಲ್ಲಿ ಫ್ಯಾಕ್ಟರ್ ಗ್ರೂಪ್ ಎಂದು ಹೆಸರು. ಹೀಗೆ ಮಾಡಿದರೆ ಸುಣ್ಣದ ಜಾತಿಯ ಕ್ಯಾಲ್ಸೈಟ್ ಹರಳಿಗೆ ರಾಮನ್ ಗೆರೆ 5, ವಜ್ರಕ್ಕೆ 1 ಎಂದು ಕಾಗದದ ಮೇಲೇ ಹೇಳಿಬಿಡಬಹುದು. ಹರಳುಗಳ ಬೆಳಕನ್ನು ಅಭ್ಯಾಸ ಮಾಡುವವರು ಈ ಲೆಕ್ಕವನ್ನು ಇವತ್ತಿಗೂ ಮಾಡುತ್ತಾರೆ. ಎಷ್ಟೋ ಕಡೆ ಅದಕ್ಕೆ ಈ ಇಬ್ಬರ ಹೆಸರೇ ಇದೆ.

ಈಗ ಪಟಿಕದ ಕಥೆ. ನಮಗೆ ಇಡೀ ಹುಡುಕಾಟದಲ್ಲಿ ಹೆಚ್ಚು ಇಷ್ಟವಾದದ್ದು ಇದು.

ಗಾಜನ್ನೋ ಹರಳನ್ನೋ ಅದುಮಿದರೆ ಅದರೊಳಗೆ ಬೆಳಕು ಹೋಗುವ ರೀತಿ ಬದಲಾಗುತ್ತದೆ. ಮಕ್ಕಳ ಪ್ಲಾಸ್ಟಿಕ್ ಸ್ಕೇಲನ್ನು ಬೆಳಗಿದ ಫೋನ್ ಪರದೆಯ ಮೇಲಿಟ್ಟು ಪೋಲರಾಯ್ಡ್ ತಂಪು ಕನ್ನಡಕದಿಂದ ನೋಡಿದರೆ ಬಣ್ಣಬಣ್ಣದ ಪಟ್ಟೆ ಕಾಣುವುದುಂಟು. ಸ್ಕೇಲನ್ನು ಅಚ್ಚು ಹಾಕುವಾಗ ಒಳಗೆ ಉಳಿದ ಒತ್ತಡ ಹಾಗೆ ಕಾಣುತ್ತದೆ. ಒಂದು ಹರಳು ಅದುಮಿದಾಗ ಬೆಳಕಿಗೆ ಏನಾಗುತ್ತದೆ ಎಂದು ಪೂರ್ತಿ ಹೇಳಲು ಎಷ್ಟು ಅಳತೆ ಬೇಕು? ಜರ್ಮನಿಯ ಪೋಕೆಲ್ಸ್ ಹತ್ತೊಂಬತ್ತನೇ ಶತಮಾನದ ಕೊನೆಯಲ್ಲಿ ಒಂದು ಪಟ್ಟಿ ಮಾಡಿದ್ದರು. ಘನಾಕೃತಿಯ ಜಾತಿಯ ಹರಳುಗಳಿಗೆಲ್ಲ 3 ಅಳತೆ ಸಾಕು ಎಂದಿತ್ತು ಆ ಪಟ್ಟಿ. ಎಲ್ಲರೂ ಅದನ್ನೇ ನಂಬಿ ಸುಮಾರು 50 ವರ್ಷ ಕಳೆದಿದ್ದರು.

ಭಗವಂತಂ ಗ್ರೂಪ್ ಥಿಯರಿ ಹಿಡಿದು ಮತ್ತೆ ಎಣಿಸಿದರು. ಅಡುಗೆಯ ಉಪ್ಪಿಗೆ 3 ಸರಿ. ಉಪ್ಪಿನ ಹರಳು ಪೂರಾ ಸಮ, ರಂಗೋಲಿಗೆ 8 ಇದ್ದ ಹಾಗೆ ಅದಕ್ಕೆ 48 ಇವೆ. ಆದರೆ ಕ್ಷೌರದಂಗಡಿಯಲ್ಲಿ ಕೆನ್ನೆಗೆ ತಿಕ್ಕುವ, ಕೆಸರು ನೀರು ತಿಳಿಯಾಗಿಸಲು ಹಾಕುವ ಪಟಿಕ ಇದೆಯಲ್ಲ, ಅದೂ ಅದೇ ಜಾತಿಯ ಹರಳಾದರೂ ಅದರೊಳಗೆ ಸುರುಳಿಯ ರಂಗೋಲಿಯ ಥರದ ಒಂದು ಚೂರು ಕೊರತೆ ಇದೆ. ಅದಕ್ಕೆ 48 ಇಲ್ಲ, 24 ಮಾತ್ರ. ಸಮತನ ಕಡಿಮೆಯಾದರೆ ಅಳತೆ ಹೆಚ್ಚು ಬೇಕು. ಲೆಕ್ಕ ಹೇಳಿತು: ಈ ವರ್ಗಕ್ಕೆ 3 ಅಲ್ಲ, 4. ಪೋಕೆಲ್ಸ್ ಪಟ್ಟಿಯ ಇನ್ನೂ ಕೆಲವು ಸಾಲುಗಳನ್ನು ತಿದ್ದಬೇಕಾಯಿತು. ಇದೂ ಬೆಂಗಳೂರಿನ ಅಕಾಡೆಮಿ ಪತ್ರಿಕೆಯಲ್ಲೇ ಬಂತು, 1942ರಲ್ಲಿ. ಆಮೇಲೆ ಇಂಥ ಹರಳುಗಳನ್ನು ಅದುಮಿ ಅಳೆದು ನೋಡಿದಾಗ ನಾಲ್ಕೂ ಅಳತೆ ಸಿಕ್ಕವು.

ಅದೇ 1942ರ ಏಪ್ರಿಲ್‌ನಲ್ಲಿ ಜಪಾನಿನ ವಿಮಾನಗಳು ವಿಶಾಖಪಟ್ಟಣದ ಮೇಲೆ ಬಾಂಬು ಹಾಕಿದವು. ವಾಲ್ಟೇರಿನ ಕ್ಯಾಂಪಸ್ ಬಿಟ್ಟು ವಿಶ್ವವಿದ್ಯಾಲಯ ಗುಂಟೂರಿಗೆ ಗುಳೆ ಹೋಯಿತು. ಯುದ್ಧ, ಕಾಗದದ ಬರ, ವಿದೇಶದಿಂದ ಪುಸ್ತಕ ಬರುವುದು ನಿಂತಂತೆಯೇ. ಇಂಥ ವರ್ಷಗಳನ್ನು ದಾಟಿ 1948ರಲ್ಲಿ ಭಗವಂತಂ, ವೆಂಕಟರಾಯುಡು ಇಬ್ಬರ ಪುಸ್ತಕ ಬಂತು: ‘ಥಿಯರಿ ಆಫ್ ಗ್ರೂಪ್ಸ್ ಅಂಡ್ ಇಟ್ಸ್ ಅಪ್ಲಿಕೇಶನ್ ಟು ಫಿಸಿಕಲ್ ಪ್ರಾಬ್ಲಮ್ಸ್’. ಪ್ರಕಟಿಸಿದ್ದು ಆಂಧ್ರ ವಿಶ್ವವಿದ್ಯಾಲಯವೇ. ಜರ್ಮನ್ ಬಾರದ, ಗಣಿತವೇ ಮುಖ್ಯ ವಿಷಯವಲ್ಲದ ವಿಜ್ಞಾನದ ವಿದ್ಯಾರ್ಥಿಗೆ ಈ ಲೆಕ್ಕವನ್ನು ಹಿಡಿಸಿಕೊಟ್ಟ ಇಂಗ್ಲಿಷ್ ಪುಸ್ತಕಗಳಲ್ಲಿ ಇದು ಮೊದಮೊದಲಿನದು. ಹರಳುಗಳು, ಅಣುಗಳ ಕಂಪನ, ಅದುಮಿದರೆ ಏನಾಗುತ್ತದೆ, ಬೆಳಕು ಹಾಯಿಸಿದರೆ ಏನಾಗುತ್ತದೆ, ಎಲ್ಲ ಇದೆ. 1969ರಲ್ಲಿ ನ್ಯೂಯಾರ್ಕಿನ ಅಕಾಡೆಮಿಕ್ ಪ್ರೆಸ್ ಇದನ್ನು ಮತ್ತೆ ಅಚ್ಚು ಹಾಕಿತು. ಸಾಮಾನ್ಯವಾಗಿ ಪುಸ್ತಕ ಅಲ್ಲಿಂದ ಇಲ್ಲಿಗೆ ಬರುತ್ತದೆ. ಇದು ಇಲ್ಲಿಂದ ಅಲ್ಲಿಗೆ ಹೋಯಿತು.

ಭಗವಂತಂ 1957ರಲ್ಲಿ ಬೆಂಗಳೂರಿಗೇ ಬಂದರು, ಗುರುಗಳು ಒಮ್ಮೆ ಕೂತಿದ್ದ ಭಾರತೀಯ ವಿಜ್ಞಾನ ಸಂಸ್ಥೆಯ ನಿರ್ದೇಶಕರ ಕುರ್ಚಿಗೆ. 1962ರವರೆಗೆ ಇದ್ದರು, ಆಮೇಲೆ ರಕ್ಷಣಾ ಸಚಿವರ ವೈಜ್ಞಾನಿಕ ಸಲಹೆಗಾರರಾಗಿ ದೆಹಲಿ. 1966ರಲ್ಲಿ ಹರಳುಗಳ ಸಮಮಿತಿ ಮತ್ತು ಗುಣಗಳ ಮೇಲೆ ಇನ್ನೊಂದು ಪುಸ್ತಕ ತಂದರು. ನಿಮ್ಮ ಮನೆಯ ಗ್ಯಾಸ್ ಲೈಟರ್ ‘ಟಕ್’ ಅಂದು ಕಿಡಿ ಹಾರಿಸುವುದು ಈ ಪುಸ್ತಕದ ವಿಷಯಕ್ಕೆ ಸೇರಿದ್ದೇ. ಕೆಲವು ಹರಳುಗಳನ್ನು ಬಡಿದರೆ ವಿದ್ಯುತ್ ಹುಟ್ಟುತ್ತದೆ. ಯಾವುದರಲ್ಲಿ ಹುಟ್ಟಬಹುದು, ಯಾವುದರಲ್ಲಿ ಎಂದೂ ಹುಟ್ಟದು ಎಂಬುದನ್ನು ಸಮಮಿತಿ ಮೊದಲೇ ಹೇಳುತ್ತದೆ. ಹರಳುಗಳ 32 ವರ್ಗಗಳಲ್ಲಿ ಈ ಯೋಗ ಇರುವುದು 20ಕ್ಕೆ. ಉಪ್ಪನ್ನು ಎಷ್ಟು ಕುಟ್ಟಿದರೂ ಕಿಡಿ ಬಾರದು!

ರಾಮನ್ ಅವರ ಬಗ್ಗೆ ಒಂದು ಮಾತು ಹೇಳದಿದ್ದರೆ ಕಥೆ ಒಂದು ಕಡೆಗೆ ವಾಲುತ್ತದೆ. ವಜ್ರ ಅವರ ಪ್ರೀತಿಯ ಹರಳು. ಹರಳುಗಳ ಕಂಪನದ ಬಗ್ಗೆ ಜರ್ಮನಿಯ ಮ್ಯಾಕ್ಸ್ ಬಾರ್ನ್ ಹೇಳಿದ್ದನ್ನು ಒಪ್ಪದೆ, 1940ರ ದಶಕದಲ್ಲಿ ರಾಮನ್ ತಮ್ಮದೇ ಲೆಕ್ಕ ಮುಂದಿಟ್ಟರು. ಅದೇ ಬಾರ್ನ್, ಹಿಟ್ಲರನ ಕಾಟಕ್ಕೆ ದೇಶ ಬಿಟ್ಟಾಗ ರಾಮನ್ ಕರೆಸಿಕೊಂಡು 1935-36ರಲ್ಲಿ ಬೆಂಗಳೂರಿನಲ್ಲಿ ಆರು ತಿಂಗಳು ಇಟ್ಟುಕೊಂಡಿದ್ದವರು. ಕೆಲಸ ಕಾಯಂ ಮಾಡಿಸಲು ಹೋಗಿ ಸಂಸ್ಥೆಯೊಳಗೆ ವಿರೋಧ ಕಟ್ಟಿಕೊಂಡವರೂ ರಾಮನ್ನರೇ. ವಾದ ವರ್ಷಗಟ್ಟಲೆ ನಡೆಯಿತು. ಕೊನೆಗೆ ನ್ಯೂಟ್ರಾನ್ ಕಣಗಳಿಂದ ಹರಳುಗಳನ್ನು ಪರೀಕ್ಷಿಸಿದಾಗ ನಿಂತಿದ್ದು ಬಾರ್ನ್ ಹೇಳಿದ್ದೇ. ರಾಮನ್ ಕೂಡ ಸಮಮಿತಿಯಿಂದಲೇ ಎಣಿಸಿದ್ದರು, ಎಣಿಕೆಯಲ್ಲಿ ತಪ್ಪಿರಲಿಲ್ಲ, ಎಣಿಸಲು ಆರಿಸಿಕೊಂಡ ಕಂಪನಗಳೇ ಸರಿಯಿರಲಿಲ್ಲ. ದೊಡ್ಡವರೆಂದು ನಾವು ಇದನ್ನು ಮುಚ್ಚಿಡಬೇಕಿಲ್ಲ.

ಯುದ್ಧದ ಅದೇ ವರ್ಷಗಳಲ್ಲಿ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ ಇನ್ನೊಂದು ಗಿಡ ಬೆಳೆಯುತ್ತಿತ್ತು. ಕಾನ್ಪುರದಲ್ಲಿ 1923ರಲ್ಲಿ ಹುಟ್ಟಿದ ಹರೀಶ್‌ಚಂದ್ರ ಎಂಬ ಹುಡುಗ ಅಲಹಾಬಾದಿನಲ್ಲಿ ಓದುವಾಗ ವಿಶ್ವವಿದ್ಯಾಲಯದ ಲೈಬ್ರರಿಯಲ್ಲಿ ಡಿರಾಕ್ ಬರೆದ ಕ್ವಾಂಟಂ ಭೌತಶಾಸ್ತ್ರದ ಪುಸ್ತಕ ಕೈಗೆ ಸಿಕ್ಕಿ, ಅದರ ಹುಚ್ಚು ಹಿಡಿಸಿಕೊಂಡ. 1943ರಲ್ಲಿ ಬೆಂಗಳೂರಿಗೆ ಬಂದು ಹೋಮಿ ಭಾಭಾ ಅವರ ಕೈಕೆಳಗೆ ಕೆಲಸಕ್ಕೆ ನಿಂತ. ಉಳಿದುಕೊಂಡದ್ದು ಕಾಳೆ ದಂಪತಿಯ ಮನೆಯಲ್ಲಿ. ಆ ತಾಯಿ ಅಲಹಾಬಾದಿನಲ್ಲಿ ಅವನಿಗೆ ಫ್ರೆಂಚ್ ಕಲಿಸಿದ್ದವರು, ಅವರ ಯಜಮಾನರು ಸಂಸ್ಥೆಯ ಲೈಬ್ರರಿ ನೋಡಿಕೊಳ್ಳುತ್ತಿದ್ದವರು. ಮುಂದೆ 1952ರಲ್ಲಿ ಆ ಮನೆಯ ಮಗಳನ್ನೇ ಮದುವೆಯಾದ. 1945ರಲ್ಲಿ ಕೇಂಬ್ರಿಜ್‌ಗೆ ಹೋಗಿ, ಯಾರ ಪುಸ್ತಕ ಓದಿದ್ದನೋ ಆ ಡಿರಾಕ್ ಅವರಿಗೇ ಶಿಷ್ಯನಾದ. ಅವನ ಪಿಎಚ್‌.ಡಿ. ವಿಷಯ ಲೊರೆಂಟ್ಸ್ ಗ್ರೂಪ್. ರಂಗೋಲಿಗೆ 8, ಉಪ್ಪಿಗೆ 48 ಇದ್ದರೆ ಇದಕ್ಕೆ ಲೆಕ್ಕವಿಲ್ಲದಷ್ಟು. ನಿಂತವನಿಗೂ ಬೆಳಕಿನ ಹತ್ತಿರದ ವೇಗದಲ್ಲಿ ಓಡುವವನಿಗೂ ನಿಸರ್ಗದ ನಿಯಮ ಒಂದೇ ಆಗಿ ಕಾಣಬೇಕಾದರೆ ಯಾವ ಬದಲಾವಣೆಗಳಿಗೆ ಅವಕಾಶ ಇದೆ ಎಂದು ಹೇಳುವ ಗ್ರೂಪ್ ಅದು. ಮುಂದೆ ಹರೀಶ್‌ಚಂದ್ರ ಭೌತಶಾಸ್ತ್ರ ಬಿಟ್ಟು ಪೂರ್ತಿ ಗಣಿತಕ್ಕೆ ತಿರುಗಿ, ಇಂಥ ಗ್ರೂಪುಗಳ ವಿಷಯದಲ್ಲಿ ಇಪ್ಪತ್ತನೇ ಶತಮಾನದ ದೊಡ್ಡ ಹೆಸರುಗಳಲ್ಲಿ ಒಬ್ಬರಾದರು. 1983ರಲ್ಲಿ ತೀರಿಕೊಂಡರು.

1961ರಲ್ಲಿ ಅಮೆರಿಕದ ಗೆಲ್‌ಮನ್ ಮತ್ತು ಇಸ್ರೇಲಿನ ನೆಯೆಮಾನ್ ಪರಮಾಣುವಿನೊಳಗಿನ ಕಣಗಳನ್ನು ಒಂದು ಗ್ರೂಪಿನ ಪ್ರಕಾರ ಜೋಡಿಸಿದ ಮೇಲೆ, ಖಾಲಿ ಉಳಿದ ಒಂದು ಜಾಗಕ್ಕೆ ಸರಿಯಾಗಿ ಹೊಸ ಕಣವೊಂದು 1964ರಲ್ಲಿ ಸಿಕ್ಕಿತು. ಅಲ್ಲಿಂದ ‘ಪಿಡುಗು’ ಎನ್ನುವವರ ಬಾಯಿ ಬಂದ್. ಎಂಎಸ್ಸಿ ಪಾಠದಲ್ಲಿ ಗ್ರೂಪ್ ಥಿಯರಿ ಗಟ್ಟಿಯಾಗಿ ಕೂತಿತು. ಪುಸ್ತಕಗಳು ಬೇಕಾದವು, ನಮ್ಮ ಮೇಷ್ಟ್ರುಗಳೇ ಬರೆದರು. 1973ರಲ್ಲಿ ಎ.ಡಬ್ಲ್ಯು. ಜೋಶಿಯವರ ಪುಸ್ತಕ ಬಂತು. ದೇಶದ ತುಂಬ ವಿದ್ಯಾರ್ಥಿಗಳ ಚೀಲದಲ್ಲಿ ಓಡಾಡಿದ್ದು ಅದೇ. 1974ರಲ್ಲಿ ಇ.ಸಿ.ಜಿ. ಸುದರ್ಶನ್ ಮತ್ತು ಭಾರತೀಯ ವಿಜ್ಞಾನ ಸಂಸ್ಥೆಯ ಎನ್. ಮುಕುಂದ ಸೇರಿ ಬರೆದ ಚಲನಶಾಸ್ತ್ರದ ಪುಸ್ತಕ ಬಂತು. ಹೆಸರು ಚಲನಶಾಸ್ತ್ರ, ಒಳಗಿನ ಬೆನ್ನೆಲುಬು ಗ್ರೂಪ್ ಥಿಯರಿ. ಮೈಸೂರು ವಿಶ್ವವಿದ್ಯಾಲಯದಲ್ಲಿ ಸೈದ್ಧಾಂತಿಕ ಭೌತಶಾಸ್ತ್ರದ ಪ್ರಾಧ್ಯಾಪಕರಾಗಿದ್ದ ಕೆ.ಎನ್. ಶ್ರೀನಿವಾಸರಾವ್ 1988ರಲ್ಲಿ ಭ್ರಮಣ ಮತ್ತು ಲೊರೆಂಟ್ಸ್ ಗ್ರೂಪುಗಳ ಮೇಲೆ, 1996ರಲ್ಲಿ ಲೀನಿಯರ್ ಆಲ್ಜೀಬ್ರ ಮತ್ತು ಗ್ರೂಪ್ ಥಿಯರಿ ಮೇಲೆ ಪುಸ್ತಕ ಬರೆದರು. ಎರಡನೆಯದರ ಹೊಸ ಆವೃತ್ತಿ 2006ರಲ್ಲೂ ಬಂತು. ಮೈಸೂರು ವಿಶ್ವವಿದ್ಯಾಲಯದ ಈ ಮೇಷ್ಟ್ರ ಪುಸ್ತಕವನ್ನು ಬೇರೆ ರಾಜ್ಯದ ಹುಡುಗರು ಓದಿ ಪರೀಕ್ಷೆ ಬರೆಯುತ್ತಾರೆ, ನಮ್ಮಲ್ಲೇ ಅವರ ಹೆಸರು ಕೇಳದವರು ಹೆಚ್ಚು. ಮುಕುಂದ ಮತ್ತು ಸುಭಾಷ್ ಚತುರ್ವೇದಿ ಸೇರಿ ಬರೆದ ಇನ್ನೊಂದು ದೊಡ್ಡ ಪುಸ್ತಕ 2022ರಲ್ಲಿ ಕೇಂಬ್ರಿಜ್‌ನಿಂದ ಹೊರಬಂದಿದೆ.

ಕೆಳಗಿನ ಮನೆಯ ಹುಡುಗಿಗೆ ನಾವು ಇದೆಲ್ಲ ಹೇಳುವ ಮೊದಲು ಸಾರಕ್ಕಿ ಮಾರ್ಕೆಟ್ಟಿಗೆ ಕರೆದುಕೊಂಡು ಹೋದೆವು. ಸೊಪ್ಪಿನ ಅಜ್ಜಿಯ ಹತ್ತಿರ ಒಂದು ಕ್ಯೂಆರ್ ಕೋಡ್ ಹಲಗೆ ಇದೆ. ಒಂದು ಮೂಲೆ ಕಿತ್ತು ಹೋಗಿದೆ, ಮೇಲೆ ಕೊತ್ತಂಬರಿಯ ಕೆಸರು. ಆದರೂ ಫೋನ್ ಹಿಡಿದರೆ ದುಡ್ಡು ಹೋಗುತ್ತದೆ. ಅಳಿಸಿಹೋದ ಭಾಗವನ್ನು ಉಳಿದ ಭಾಗದಿಂದ ಲೆಕ್ಕ ಹಾಕಿ ತುಂಬಿಕೊಳ್ಳುವ ಉಪಾಯ ಆ ಚುಕ್ಕಿಗಳಲ್ಲೇ ಇದೆ. ಕೋಡ್ ಮಾಡುವಾಗ ಆರಿಸಿಕೊಂಡ ಮಟ್ಟದ ಮೇಲೆ ಸುಮಾರು 7ರಿಂದ 30 ಶೇಕಡದಷ್ಟು ಹಾಳಾದರೂ ಓದಬಹುದು. ಆ ಲೆಕ್ಕ ನಡೆಯುವುದು 256 ಸಂಖ್ಯೆಗಳ ಒಂದು ಪುಟ್ಟ ಲೋಕದಲ್ಲಿ. ಅದರ ಹೆಸರು ಗ್ಯಾಲ್ವಾ ಫೀಲ್ಡ್. ಇಪ್ಪತ್ತನೇ ವಯಸ್ಸಿಗೆ ಸತ್ತ ಅದೇ ಗ್ಯಾಲ್ವಾ. ಸೊನ್ನೆ ಬಿಟ್ಟು ಉಳಿದ 255 ಸಂಖ್ಯೆಗಳು ಗುಣಾಕಾರಕ್ಕೆ ಒಂದು ಗ್ರೂಪ್. ಹುಡುಗಿ ಅಲ್ಲೇ ನಿಂತು ನೋಟ್ಸ್ ತೆಗೆದಳು, ಅಜ್ಜಿ “ಸೊಪ್ಪು ತಗೊಳ್ರವ್ವ ಮೊದಲು” ಅಂತ ಗದರಿದರು.

ಇನ್ನು ಭಾಷೆಯ ವಿಷಯ. 1931ರಲ್ಲಿ ಜರ್ಮನ್ ಬಾರದವರಿಗೆ ಇದ್ದ ಗೋಡೆ ಇವತ್ತು ನಮ್ಮ ಹಳ್ಳಿಯ ಮಕ್ಕಳಿಗೆ ಇಂಗ್ಲಿಷ್ ರೂಪದಲ್ಲಿ ನಿಂತಿದೆ. ಭಗವಂತಂ, ವೆಂಕಟರಾಯುಡು ತಮ್ಮ ಹುಡುಗರಿಗಾಗಿ ಆ ಗೋಡೆಗೆ ಒಂದು ಬಾಗಿಲು ಇಟ್ಟರು. ನಮ್ಮ ಕಾಲದ ಬಾಗಿಲು ಇನ್ನೂ ಅರ್ಧ ಮಾತ್ರ ತೆರೆದಿದೆ. ಅರ್ಧ ಅಂದದ್ದಕ್ಕೆ ಕಾರಣ ಇದೆ. ಪ್ರಾಥಮಿಕ ಶಾಲೆಯ ಕನ್ನಡ ಗಣಿತ ಪುಸ್ತಕದಲ್ಲೇ ಸಮಮಿತಿ ಎಂಬ ಪಾಠ ಇದೆ. ಚೌಕವನ್ನು ಮಡಚಿ, ತಿರುಗಿಸಿ, ಎಷ್ಟು ಸಲ ಹೊಂದುತ್ತದೆ ಎಂದು ಮಕ್ಕಳು ಕನ್ನಡದಲ್ಲಿ ಎಣಿಸಿರುತ್ತಾರೆ. ಎಂಟು ಹತ್ತು ವರ್ಷ ಬಿಟ್ಟು ಬಿಎಸ್ಸಿಯಲ್ಲಿ ಅದೇ ಚೌಕ ಬೇರೆ ವೇಷ ಹಾಕಿಕೊಂಡು ಬಂದಾಗ, ‘ಇದು ನಮಗೆ ಗೊತ್ತಿದ್ದದ್ದೇ’ ಅಂತ ಅವರಿಗೆ ಯಾರೂ ಹೇಳುವುದಿಲ್ಲ.

ಭಗವಂತಂ ಅವರ 1939 ಮತ್ತು 1942ರ ಲೇಖನಗಳು ಬೆಂಗಳೂರಿನ ವಿಜ್ಞಾನ ಅಕಾಡೆಮಿಯ ಜಾಲತಾಣದಲ್ಲಿ ಬಿಟ್ಟಿಯಾಗಿ ಸಿಗುತ್ತವೆ, ಫೋನಿನಲ್ಲೇ ತೆರೆಯಬಹುದು. 1996ರಲ್ಲಿ ಮುಕುಂದ ಅವರ ಸಂಪಾದಕತ್ವದಲ್ಲಿ ಶುರುವಾದ ಅಕಾಡೆಮಿಯ ‘ರೆಸೊನೆನ್ಸ್’ ಪತ್ರಿಕೆಯ ಹಳೆಯ ಸಂಚಿಕೆಗಳೂ ಅಲ್ಲೇ ಇವೆ. ಕಾಲೇಜು ಮಕ್ಕಳಿಗೆಂದೇ ಮಾಡಿದ ಪತ್ರಿಕೆ ಅದು. ಎಲ್ಲವೂ ಇಂಗ್ಲಿಷಿನಲ್ಲಿ.

ನಾವು ಸದ್ಯಕ್ಕೆ ಒಂದು ಸಣ್ಣ ಕೆಲಸ ಹಿಡಿದಿದ್ದೇವೆ. 1939ರ ಲೇಖನದ ಮೊದಲ ಕೆಲವು ಪುಟಗಳನ್ನು ಕೆಳಗಿನ ಮನೆಯ ಹುಡುಗಿಯ ಜೊತೆ ಕೂತು ಕನ್ನಡದಲ್ಲಿ ಬರೆಯುತ್ತಿದ್ದೇವೆ. ಸಮಮಿತಿ, ಕಂಪನ, ಹರಳು, ಇವಕ್ಕೆ ತೊಂದರೆ ಇಲ್ಲ. ‘ಗ್ರೂಪ್’ಗೆ ಗುಂಪು ಅನ್ನೋಣವೋ ಸಮೂಹ ಅನ್ನೋಣವೋ ಎಂಬ ಜಗಳ ಇನ್ನೂ ಮುಗಿದಿಲ್ಲ, ‘ಗಣ’ವನ್ನು ಶಾಲೆಯ ಪುಸ್ತಕ ಬೇರೆಯದಕ್ಕೆ ಕೊಟ್ಟುಬಿಟ್ಟಿದೆ. ‘ಫ್ಯಾಕ್ಟರ್ ಗ್ರೂಪ್’ಗಂತೂ ಏನೂ ಹೊಳೆದಿಲ್ಲ. ಇಳಕಲ್ ಕಡೆಯ, ಮೊಳಕಾಲ್ಮೂರಿನ ಕಡೆಯ ನೇಕಾರರ ಮನೆಯವರು ಯಾರಾದರೂ ಇದನ್ನು ಓದುತ್ತಿದ್ದರೆ ಒಂದು ಸಹಾಯ ಮಾಡಿ: ಸೀರೆಯಲ್ಲಿ ಮತ್ತೆ ಮತ್ತೆ ಬರುವ ಆ ಒಂದು ಅಳತೆಯ ತುಂಡಿಗೆ ಮಗ್ಗದ ಮೇಲೆ ನೀವು ಏನಂತೀರಿ?